ಚಿಕ್ಕ ಮಕ್ಕಳನ್ನು ಕಟ್ಟಿಕೊಂಡು ಹುಬ್ಬಳ್ಳಿಯಿಂದ ವಂಡರ್‌ಲಾಗೆ: ಮೊದಲು ಟೇಪು, ಆಮೇಲೆ ಟಿಕೆಟ್ಟು

ಬೇಸಿಗೆ ರಜೆ ಹತ್ತಿರ ಬಂತು ಅಂದ್ರೆ ಹುಬ್ಬಳ್ಳಿ-ಧಾರವಾಡದ ಅರ್ಧ ಮನೆಗಳಲ್ಲಿ ಇದೇ ಮಾತು. ಪಕ್ಕದ ಮನೆಯವರು ವಂಡರ್‌ಲಾಗೆ, ಅದೇ ಬೆಂಗಳೂರು ಹತ್ತಿರ ಬಿಡದಿಯಲ್ಲಿರುವ ರೈಡು, ನೀರಾಟದ ದೊಡ್ಡ ಪಾರ್ಕಿಗೆ, ಹೋಗಿ ಬಂದ್ರು, ನಾವ್ಯಾವಾಗ? ಅಪ್ಪ-ಅವ್ವ ಫೋನ್ ತೆಗೆದು ಟಿಕೆಟ್ ದರ ನೋಡುತ್ತಾರೆ, ನಾಲ್ಕು ಜನರಿಗೆ ಗುಣಿಸುತ್ತಾರೆ, ಪರವಾಗಿಲ್ಲ ಆಗುತ್ತೆ ಅಂದುಕೊಂಡು ಬುಕ್ ಮಾಡುತ್ತಾರೆ. ವಾಪಸ್ ಬಂದ ಮೇಲೆ ನೋಡಿದರೆ ಟಿಕೆಟ್ಟಿಗಿಂತ ಮೂರು ಪಟ್ಟು ದುಡ್ಡು ಬೇರೆ ಕಡೆ ಹೋಗಿರುತ್ತದೆ, ಮೂರು ವರ್ಷದ ಕೂಸು ಅರ್ಧ ದಿನ ಹೆಗಲ ಮೇಲೆ ನಿದ್ದೆ ಮಾಡಿರುತ್ತದೆ.

ಹೀಗಾಗಬಾರದು ಅಂತಲೇ ಇದನ್ನು ಬರೆಯುತ್ತಿದ್ದೇನೆ. ಮೂರರಿಂದ ಎಂಟು ವರ್ಷದ ಮಕ್ಕಳಿರುವ ಮನೆಯವರಿಗೆ ನಾನು ಹೇಳುವುದು ಇಷ್ಟೇ. ಪಾರ್ಕಿನ ರೈಡ್ ಪಟ್ಟಿ ನೋಡಿ ಪ್ಲ್ಯಾನ್ ಮಾಡಬೇಡಿ. ನಿಮ್ಮ ಮಗುವಿನ ಎತ್ತರ ಎಷ್ಟು, ಅದು ಎಷ್ಟು ಹೊತ್ತಿಗೆ ಉಣ್ಣುತ್ತದೆ, ಎಷ್ಟು ಹೊತ್ತಿಗೆ ಮಲಗುತ್ತದೆ, ಅದನ್ನು ನೋಡಿ ಪ್ಲ್ಯಾನ್ ಮಾಡಿ.

ಮೊದಲ ಹೆಜ್ಜೆ: ಗೋಡೆಗೆ ನಿಲ್ಲಿಸಿ ಅಳೆಯಿರಿ

ಬಸ್ಸು, ರೈಲಿನಲ್ಲಿ ಮಕ್ಕಳ ವಯಸ್ಸು ಕೇಳುತ್ತಾರೆ. ವಂಡರ್‌ಲಾದಲ್ಲಿ ಎತ್ತರ ನೋಡುತ್ತಾರೆ. 85 ಸೆಂ.ಮೀ.ಗಿಂತ ಗಿಡ್ಡ ಇರುವ ಮಗುವಿಗೆ ಟಿಕೆಟ್ ಇಲ್ಲ. 85ರಿಂದ 140ರವರೆಗೆ ಮಕ್ಕಳ ಟಿಕೆಟ್. 140 ದಾಟಿದರೆ ವಯಸ್ಸು ಹತ್ತೇ ಆಗಿರಲಿ, ದೊಡ್ಡವರ ಟಿಕೆಟ್. ಸಾಮಾನ್ಯವಾಗಿ ಮಕ್ಕಳು ಎರಡು ವರ್ಷಕ್ಕೆಲ್ಲ 85 ದಾಟುತ್ತಾರೆ, ಮೂರಕ್ಕೆ ಸುಮಾರು 95, ಐದಕ್ಕೆ 110, ಏಳಕ್ಕೆ 120ರ ಆಸುಪಾಸು ಇರುತ್ತಾರೆ. ಅಂದ್ರೆ ನಿಮ್ಮ ಮೂರು ವರ್ಷದ ಮಗುವಿಗೂ ಟಿಕೆಟ್ ಬೀಳುತ್ತದೆ. ಅದು ಚಿಕ್ಕದು, ಫ್ರೀ ಇರುತ್ತೆ ಬಿಡಿ ಅಂದುಕೊಂಡು ಹೋದರೆ ಗೇಟಿನಲ್ಲಿ ಲೆಕ್ಕ ತಪ್ಪುತ್ತದೆ.

ಇನ್ನೊಂದು ವಿಷಯ ಇದಕ್ಕಿಂತ ದೊಡ್ಡದು. ಜೋರಾದ ರೈಡ್‌ಗಳಿಗೆಲ್ಲ ಕನಿಷ್ಠ ಎತ್ತರದ ನಿಯಮ ಇದೆ, ಪ್ರತಿ ರೈಡ್ ಮುಂದೆ ಬೋರ್ಡ್ ಹಾಕಿರುತ್ತಾರೆ, ಸಿಬ್ಬಂದಿ ಅಳೆದೇ ಒಳಗೆ ಬಿಡುತ್ತಾರೆ. ಅದು ಮಗುವಿನ ಜೀವಕ್ಕಾಗಿ ಇರುವ ನಿಯಮ. ಬೆಲ್ಟು, ಬಾರು ಎಲ್ಲ ಒಂದು ಅಳತೆಯ ಮೈಗೆ ಮಾಡಿದ್ದು, ಚಿಕ್ಕ ಮೈ ಅದರೊಳಗಿಂದ ಜಾರುತ್ತದೆ. ದಯವಿಟ್ಟು ಅಲ್ಲಿ ನಿಂತು ವಾದ ಮಾಡಬೇಡಿ, ದಪ್ಪ ಚಪ್ಪಲಿ ಹಾಕಿಸಿ ಎತ್ತರ ತೋರಿಸುವ ಕೆಲಸ ಅಂತೂ ಬೇಡವೇ ಬೇಡ.

ಈಗ ಮನೆಯಲ್ಲೇ ಕೂತು ಪಾರ್ಕಿನ ವೆಬ್‌ಸೈಟ್ ತೆಗೆಯಿರಿ, ನಿಮ್ಮ ಮಗುವಿನ ಎತ್ತರಕ್ಕೆ ಯಾವ ಯಾವ ರೈಡ್ ಸಿಗುತ್ತದೆ ಅಂತ ಹಾಳೆಯಲ್ಲಿ ಬರೆದುಕೊಳ್ಳಿ. 110 ಸೆಂ.ಮೀ. ಒಳಗಿನ ಮಕ್ಕಳಿಗೆ ಮಕ್ಕಳ ವಿಭಾಗ, ದೊಡ್ಡವರ ಜೊತೆ ಕೂರುವ ಕೆಲವು ಫ್ಯಾಮಿಲಿ ರೈಡ್, ಮಕ್ಕಳ ನೀರಿನ ಕೊಳ, ಇಷ್ಟರಲ್ಲೇ ದಿನ ಕಳೆಯಬೇಕು. ಅದು ಕಡಿಮೆ ಏನಲ್ಲ, ಅಷ್ಟಕ್ಕೇ ಅವು ಕುಣಿಯುತ್ತವೆ. ಆದರೆ ಮನೆಯಲ್ಲಿರುವ ಮಗು ಒಂದೇ, ಅದಕ್ಕೂ ಮೂರು ವರ್ಷ ಆಗಿಲ್ಲ ಅಂದ್ರೆ ವಂಡರ್‌ಲಾ ಪ್ರವಾಸ ಇನ್ನೆರಡು ವರ್ಷ ಮುಂದೆ ಹಾಕಿ ಅಂತಲೇ ನನ್ನ ಸಲಹೆ.

ಮುಂದೆ ಹಾಕಿ ಅಂದ್ರೆ ಎಲ್ಲಿಗೂ ಹೋಗಬೇಡಿ ಅಂತ ಅಲ್ಲ. ಮಗು ತೀರಾ ಚಿಕ್ಕದಿದ್ದರೆ ಮೈಸೂರು ಒಳ್ಳೆಯದು. ಗೋಲಗುಂಬಜ್ ಎಕ್ಸ್‌ಪ್ರೆಸ್ ಗದಗ, ಹುಬ್ಬಳ್ಳಿ ಮೇಲೆ ಮೈಸೂರಿಗೇ ಹೋಗುತ್ತದೆ, ಗಾಡಿ ಬದಲಿಸುವ ತಾಪತ್ರಯ ಇಲ್ಲ. ಅಲ್ಲಿ ಜಿಆರ್‌ಎಸ್ ಫ್ಯಾಂಟಸಿ ಪಾರ್ಕ್ ಇದೆ, ಮೃಗಾಲಯ ಇದೆ, ಅರಮನೆ ದೀಪ ಭಾನುವಾರ ಸಂಜೆ ನೋಡಬಹುದು. ಮೃಗಾಲಯಕ್ಕೆ ಮಂಗಳವಾರ ರಜೆ, ಅದನ್ನು ಮರೆಯಬೇಡಿ.

ಊರ ಹತ್ತಿರವೇ ಒಂದು ಪರೀಕ್ಷೆ

ದುಡ್ಡು ಖರ್ಚು ಮಾಡುವ ಮುಂಚೆ ಮಗು ಇಂಥ ದಿನ ತಡೆಯುತ್ತದಾ ಅಂತ ನೋಡಬೇಕಲ್ವಾ? ಇದಕ್ಕೆ ನಮ್ಮ ಜಾತ್ರೆಗಳಿಗಿಂತ ಒಳ್ಳೆಯ ಜಾಗ ಇಲ್ಲ. ಶಿವರಾತ್ರಿ ಹೊತ್ತಿಗೆ ಸಿದ್ಧಾರೂಢ ಮಠದ ಜಾತ್ರೆ, ಗದಗಿನವರಿಗೆ ತೋಂಟದಾರ್ಯ ಮಠದ ಜಾತ್ರೆ. ಅಲ್ಲಿ ಮಕ್ಕಳ ಚಿಕ್ಕ ತೊಟ್ಟಿಲು ಹತ್ತಿಸಿ. ಗದ್ದಲ, ಸಾಲು, ತಿರುಗುವುದು, ಮೇಲೆ ಹೋಗಿ ಕೆಳಗೆ ಬರುವುದು, ಎಲ್ಲ ಒಟ್ಟಿಗೆ ಗೊತ್ತಾಗುತ್ತದೆ. ಕಿರುಚಿ ಅತ್ತರೆ ಇಪ್ಪತ್ತು ನಿಮಿಷದಲ್ಲಿ ಮನೆಗೆ ಬರಬಹುದು. ಬಿಡದಿಯಿಂದ ಹಾಗೆ ಬರಲು ಆಗುವುದಿಲ್ಲ.

ಇಡೀ ದಿನದ ಪರೀಕ್ಷೆ ಬೇಕಾದರೆ ಹಾವೇರಿ ಜಿಲ್ಲೆಗೆ ಹೋಗಿ. ಶಿಗ್ಗಾವಿ ತಾಲೂಕಿನ ಗೊಟಗೋಡಿಯಲ್ಲಿ ಹೆದ್ದಾರಿ ಪಕ್ಕದಲ್ಲೇ ಉತ್ಸವ ರಾಕ್ ಗಾರ್ಡನ್ ಇದೆ, ಕಲಾವಿದ ಟಿ.ಬಿ. ಸೊಲಬಕ್ಕನವರ ಕಟ್ಟಿದ್ದು. ರೊಟ್ಟಿ ಬಡಿಯುವವರು, ಎತ್ತು, ಕುರಿ, ಹಳ್ಳಿ ಮನೆ, ಎಲ್ಲ ನಿಜವಾದ ಅಳತೆಯಲ್ಲಿ ನಿಂತಿವೆ. ಮಕ್ಕಳು ಹೋಗಿ ಮಾತಾಡಿಸುತ್ತವೆ. ಅದೇ ಜಿಲ್ಲೆಯ ಅಗಡಿ ತೋಟವೂ ಹಾಗೇ, ಹಳ್ಳಿ ಆಟ, ಊಟ, ತೋಟದ ಓಡಾಟದಲ್ಲಿ ದಿನ ಹೋಗುತ್ತದೆ. ಗದಗಿನವರಿಗೆ ಬಿಂಕದಕಟ್ಟಿ ಮೃಗಾಲಯ ಹತ್ತಿರ.

ಅಲ್ಲಿ ಹೋದಾಗ ಒಂದು ಕೆಲಸ ಮಾಡಿ. ಮಗು ಎಷ್ಟು ಹೊತ್ತು ನಡೆದ ಮೇಲೆ ಎತ್ತಿಕೋ ಅಂತ ಕೈ ಚಾಚುತ್ತದೆ, ಎಷ್ಟು ಹೊತ್ತಿಗೆ ಕಿರಿಕಿರಿ ಶುರುವಾಗುತ್ತದೆ, ಎಷ್ಟು ಹೊತ್ತಿಗೊಮ್ಮೆ ತಿನ್ನಲು ಕೇಳುತ್ತದೆ, ಸುಮ್ನೆ ಗಮನಿಸಿ ಫೋನಿನಲ್ಲಿ ಬರೆದಿಡಿ. ಮುಂದೆ ಪಾರ್ಕಿನಲ್ಲಿ ಅದೇ ನಿಮ್ಮ ಟೈಮ್‌ಟೇಬಲ್ಲು.

ಯಾವಾಗ ಹೋಗಬೇಕು

ಎಲ್ಲರೂ ಹೋಗುವಾಗ ಹೋಗಬೇಡಿ. ಏಪ್ರಿಲ್-ಮೇ ಬಿಸಿಲಲ್ಲಿ ಸಿಮೆಂಟ್ ದಾರಿ ಸುಡುತ್ತದೆ, ಸಾಲು ಉದ್ದ ಇರುತ್ತದೆ. ಡಿಸೆಂಬರ್‌ನಲ್ಲಿ ಶಾಲಾ ಪ್ರವಾಸದ ಬಸ್ಸುಗಳು ವಾರದ ದಿನವೂ ಬರುತ್ತವೆ. ಮಗು ಇನ್ನೂ ಅಂಗನವಾಡಿ, ಎಲ್‌ಕೆಜಿ ವಯಸ್ಸಿನದಾದರೆ ನೀವು ರಜೆಯ ಹಂಗಿನಲ್ಲಿ ಇಲ್ಲ. ಜುಲೈ-ಆಗಸ್ಟ್‌ನ ಒಂದು ಮಂಗಳವಾರವೋ ಬುಧವಾರವೋ ನೋಡಿ. ತುಂತುರು ಮಳೆ ಬರಬಹುದು, ಆದರೆ ಹೇಗೂ ನೀರಲ್ಲೇ ಆಡುವುದು. ಚಳಿ ಆಗಿ ಮಗು ನಡುಗುವುದರ ಬಗ್ಗೆ ಮಾತ್ರ ಎಚ್ಚರ ಬೇಕು, ಒಣ ಬಟ್ಟೆ ಜಾಸ್ತಿ ಇಟ್ಟುಕೊಳ್ಳಿ. ಶಾಲೆಗೆ ಹೋಗುವ ಮಕ್ಕಳಿದ್ದರೆ ದಸರಾ ರಜೆಯಲ್ಲಿ ಹಬ್ಬದ ದಿನಗಳನ್ನು ಬಿಟ್ಟು ವಾರದ ನಡುವಿನ ದಿನ ಹಿಡಿಯಿರಿ. ವಾರದ ದಿನದ ಟಿಕೆಟ್ ವಾರಾಂತ್ಯಕ್ಕಿಂತ ಕಡಿಮೆ ಇರುತ್ತದೆ, ಆನ್‌ಲೈನ್‌ನಲ್ಲಿ ಮುಂಚೆ ತೆಗೆದರೆ ರಿಯಾಯಿತಿ ಸಿಗುವುದೂ ಉಂಟು.

ಒಂದು ದಿನದ ಪಾರ್ಕಿಗೆ ಎರಡು ರಾತ್ರಿ

ಇಲ್ಲಿ ಹೆಚ್ಚಿನವರು ದುಡ್ಡು ಉಳಿಸಲು ನೋಡುತ್ತಾರೆ. ರಾತ್ರಿ ಬಸ್ಸು ಹತ್ತುವುದು, ಬೆಳಗ್ಗೆ ಇಳಿಯುವುದು, ಎಲ್ಲೋ ಮುಖ ತೊಳೆದು ಪಾರ್ಕಿಗೆ ಹೋಗುವುದು, ಅದೇ ರಾತ್ರಿ ವಾಪಸ್. ದೊಡ್ಡವರು, ಕಾಲೇಜು ಹುಡುಗರು ಹೀಗೆ ಮಾಡಬಹುದು. ನಾಲ್ಕು ವರ್ಷದ ಮಗುವಿಗೆ ಇದು ಶಿಕ್ಷೆ. ಅರೆನಿದ್ದೆಯಲ್ಲಿ ಬಂದ ಮಗು ಮೊದಲ ರೈಡ್‌ಗೇ ಅಳುತ್ತದೆ, ಉಣ್ಣುವುದಿಲ್ಲ. ನೀವು ಕೊಟ್ಟ ಟಿಕೆಟ್ ದುಡ್ಡು ಪೂರ್ತಿ ಅಲ್ಲೇ ಹೋಯಿತು. ಹಾಗಾಗಿ ಹಿಂದಿನ ಸಂಜೆ ತಲುಪಿ ಒಂದು ರಾತ್ರಿ, ಪಾರ್ಕ್ ಮುಗಿಸಿ ಇನ್ನೊಂದು ರಾತ್ರಿ, ಮೂರನೇ ದಿನ ಆರಾಮಾಗಿ ವಾಪಸ್. ಕೋಣೆಯ ಖರ್ಚು ಕಡಿತ ಮಾಡಲೇಬೇಡಿ, ಬೇರೆ ಎಲ್ಲಾದರೂ ಮಾಡಿ.

ಕೋಣೆ ಎಲ್ಲಿ ಅಂದ್ರೆ ಮೆಜೆಸ್ಟಿಕ್ ಬೇಡ. ವಂಡರ್‌ಲಾ ಇರುವುದು ಬಿಡದಿ ಹತ್ತಿರ, ಮೈಸೂರು ರಸ್ತೆಯಲ್ಲಿ, ಬೆಂಗಳೂರು ನಡುಪೇಟೆಯಿಂದ ಸುಮಾರು 28 ಕಿ.ಮೀ. ಕೆಂಗೇರಿ ಅಥವಾ ಬಿಡದಿ ಕಡೆ ಸಾಧಾರಣ ಹೋಟೆಲ್ ಹಿಡಿದರೆ ಬೆಳಗಿನ ಟ್ರಾಫಿಕ್ ತಪ್ಪುತ್ತದೆ. ಪಾರ್ಕಿನವರದ್ದೇ ರೆಸಾರ್ಟ್ ಪಕ್ಕದಲ್ಲಿದೆ, ಅನುಕೂಲ ಬಹಳ, ದರವೂ ಹಾಗೇ. ಬಿಡದಿಯಲ್ಲಿ ಉಳಿದರೆ ಬೆಳಗ್ಗೆ ತಟ್ಟೆ ಇಡ್ಲಿ ತಿನ್ನಿಸಿ, ಮೆತ್ತಗಿರುತ್ತದೆ, ಮಕ್ಕಳಿಗೆ ಹಿಡಿಸುತ್ತದೆ.

ಹೋಗುವುದು ಹೇಗೆ

ನನ್ನ ಮಟ್ಟಿಗೆ ಚಿಕ್ಕ ಮಕ್ಕಳಿಗೆ ಹಗಲು ರೈಲೇ ಎಲ್ಲಕ್ಕಿಂತ ಮೇಲು. ಓಡಾಡಬಹುದು, ಶೌಚಾಲಯ ಇದೆ, ವಾಂತಿ ಕಡಿಮೆ. ಮಧ್ಯಾಹ್ನ ಹುಬ್ಬಳ್ಳಿಯಿಂದ ಜನಶತಾಬ್ದಿ ಇದೆ. 2023ರ ಜೂನ್‌ನಲ್ಲಿ ಶುರುವಾದ ಧಾರವಾಡ-ಬೆಂಗಳೂರು ವಂದೇ ಭಾರತ್ ಕೂಡ ಮಧ್ಯಾಹ್ನ ಹೊರಟು ರಾತ್ರಿ ಊಟದ ಹೊತ್ತಿಗೆ ಬೆಂಗಳೂರು ಮುಟ್ಟುತ್ತದೆ. ಮನೆಯಲ್ಲೇ ಉಂಡು ಹೊರಟರೆ ಮಗು ದಾರಿಯಲ್ಲಿ ಒಂದು ನಿದ್ದೆ ಮುಗಿಸುತ್ತದೆ. ಹಾವೇರಿಯವರು ತಮ್ಮ ನಿಲ್ದಾಣದಲ್ಲಿ ಯಾವ ಗಾಡಿ ನಿಲ್ಲುತ್ತದೆ ನೋಡಿಕೊಂಡು ಬುಕ್ ಮಾಡಿ. ಹುಬ್ಬಳ್ಳಿಯಲ್ಲಿ ಹತ್ತುವವರು ಅರ್ಧ ಗಂಟೆ ಮುಂಚೆ ಹೋಗಿ. ನಮ್ಮ ಸಿದ್ಧಾರೂಢ ನಿಲ್ದಾಣದ ಪ್ಲಾಟ್‌ಫಾರ್ಮ್ 1,507 ಮೀಟರ್ ಉದ್ದ, ಜಗತ್ತಿನಲ್ಲೇ ದೊಡ್ಡದು ಅಂತ ಹೆಸರು. ನಿಮ್ಮ ಬೋಗಿ ಆ ತುದಿಗೆ ಬಂತು ಅಂದ್ರೆ ಒಂದು ಕೈಯಲ್ಲಿ ಬ್ಯಾಗು, ಇನ್ನೊಂದರಲ್ಲಿ ಕೂಸು, ಬಹಳ ದೂರ ನಡೆಯಬೇಕಾಗುತ್ತದೆ.

ಮಕ್ಕಳ ರೈಲು ಟಿಕೆಟ್ ಬಗ್ಗೆ ಗೊಂದಲ ಜಾಸ್ತಿ. ಐದು ವರ್ಷದೊಳಗಿನ ಮಗುವಿಗೆ ಬೇರೆ ಸೀಟು ಬೇಡವಾದರೆ ಟಿಕೆಟ್ ಬೇಡ. ಐದರಿಂದ ಹನ್ನೆರಡರೊಳಗಿನ ಮಗುವಿಗೆ ಸ್ಲೀಪರ್‌ನಂಥ ದರ್ಜೆಯಲ್ಲಿ ಬರ್ತ್ ಬೇಡ ಅಂದ್ರೆ ಅರ್ಧ ದರ, ಬರ್ತ್ ಬೇಕು ಅಂದ್ರೆ ಪೂರ್ತಿ ದರ. ಬರೀ ಕೂರುವ ಸೀಟಿರುವ ಚೇರ್ ಕಾರ್‌ನಲ್ಲಿ ಈ ಅರ್ಧ ದರದ ಆಯ್ಕೆ ಇಲ್ಲ. ಹಾಗಾಗಿ ವಂದೇ ಭಾರತ್‌ನಲ್ಲಿ ಏಳು ವರ್ಷದ ಮಗಳಿಗೂ ಪೂರ್ತಿ ಟಿಕೆಟ್ಟೇ. ಬುಕಿಂಗ್ ಈಗ 60 ದಿನ ಮುಂಚೆ ತೆರೆಯುತ್ತದೆ. ರಜೆ ದಿನಗಳಿಗೆ ಅದೇ ದಿನ ಬುಕ್ ಮಾಡುವುದು ಒಳ್ಳೆಯದು.

ದುಡ್ಡು ತೀರಾ ಬಿಗಿ ಇದ್ದರೆ ಸರ್ಕಾರಿ ಬಸ್ಸು ನೋಡಿ. ಶಕ್ತಿ ಯೋಜನೆಯಲ್ಲಿ ಸಾಮಾನ್ಯ ಮತ್ತು ಎಕ್ಸ್‌ಪ್ರೆಸ್ ಬಸ್ಸುಗಳಲ್ಲಿ ಹೆಣ್ಣುಮಕ್ಕಳಿಗೆ ಟಿಕೆಟ್ ದುಡ್ಡಿಲ್ಲ, ಆಧಾರ್ ಕಾರ್ಡ್ ಕೈಯಲ್ಲಿರಲಿ. ರಾಜಹಂಸ, ಎಸಿ, ಸ್ಲೀಪರ್ ಬಸ್ಸುಗಳಿಗೆ ಇದು ನಡೆಯುವುದಿಲ್ಲ. ಅವ್ವ, ಅಜ್ಜಿ, ಮಗಳು ಇರುವ ಮನೆಗೆ ಇದರಿಂದ ದೊಡ್ಡ ಉಳಿತಾಯ ಆಗುತ್ತದೆ, ಅನುಮಾನ ಇಲ್ಲ. ಆದರೆ 400 ಕಿ.ಮೀ. ಮೇಲ್ಪಟ್ಟ ದಾರಿ, ಕೂತೇ ಹೋಗಬೇಕು. ಹಗಲು ಹೋಗಿ, ವಾಂತಿ ಬರುವ ಮಗುವಿಗೆ ವೈದ್ಯರನ್ನು ಕೇಳಿ ಮುಂಚೆಯೇ ಔಷಧಿ ಇಟ್ಟುಕೊಳ್ಳಿ.

ಸ್ವಂತ ಕಾರಾದರೆ ತುಮಕೂರು ರಸ್ತೆಯಿಂದ ನೈಸ್ ರಸ್ತೆ ಹಿಡಿದು ನೇರ ಮೈಸೂರು ರಸ್ತೆಗೆ ಇಳಿಯಿರಿ, ಊರೊಳಗೆ ಹೋಗಬೇಡಿ. ನೈಸ್ ರಸ್ತೆಗೆ ಬೇರೆ ಟೋಲ್ ಇದೆ, ಫಾಸ್ಟ್ಯಾಗ್ ವಾರ್ಷಿಕ ಪಾಸ್ ಇದ್ದರೂ ಅಲ್ಲಿ ನಡೆಯುವುದಿಲ್ಲ. ದಾವಣಗೆರೆ, ಚಿತ್ರದುರ್ಗ, ತುಮಕೂರು, ಈ ಮೂರರಲ್ಲಿ ಎರಡು ಕಡೆಯಾದರೂ ಗಾಡಿ ನಿಲ್ಲಿಸಿ ಮಕ್ಕಳನ್ನು ಓಡಾಡಿಸಿ.

ರೈಲಿನಲ್ಲಿ ಬಂದವರಿಗೆ ಬೆಂಗಳೂರು ಸಿಟಿ ನಿಲ್ದಾಣದಿಂದಲೇ ನೇರಳೆ ಮಾರ್ಗದ ಮೆಟ್ರೊ ಕೆಂಗೇರಿ ದಾಟಿ ಚಲ್ಲಘಟ್ಟದವರೆಗೆ ಹೋಗುತ್ತದೆ. ಮಕ್ಕಳಿಗೆ ಮೆಟ್ರೊ ಅಂದ್ರೆ ಅದೇ ಒಂದು ರೈಡು. ಅಲ್ಲಿಂದ ಮುಂದೆ ಬಿಡದಿಗೆ ಬಸ್ಸು ಅಥವಾ ಕ್ಯಾಬ್.

ಈಗ ದುಡ್ಡಿನ ಲೆಕ್ಕ

ಅಪ್ಪ, ಅವ್ವ, ಏಳು ವರ್ಷದ ಮಗಳು, ಮೂರು ವರ್ಷದ ಮಗ. ಹೀಗೊಂದು ಮನೆ ಅಂದುಕೊಳ್ಳಿ. ಕೆಳಗಿನ ಅಂಕಿಗಳು ಲೆಕ್ಕ ತೋರಿಸಲು ನಾನು ಹಿಡಿದವು. ನಿಮ್ಮ ದಿನದ ನಿಜವಾದ ದರ ನೋಡಿ ಅಲ್ಲಲ್ಲಿ ತುಂಬಿಕೊಳ್ಳಿ.

ಪಾರ್ಕ್ ಟಿಕೆಟ್: ದೊಡ್ಡವರಿಗೆ 1,500, ಮಕ್ಕಳಿಗೆ 1,200 ಅಂತ ಹಿಡಿದರೆ 5,400 ರೂಪಾಯಿ
ರೈಲು: ಮೂರು ಸೀಟು, ಸೀಟಿಗೆ 600ರಂತೆ ಹೋಗಿ ಬರಲು 3,600
ಕೋಣೆ: ಎರಡು ರಾತ್ರಿ 5,000
ಬೆಂಗಳೂರಿನೊಳಗಿನ ಓಡಾಟ, ಬಿಡದಿಗೆ ಕ್ಯಾಬ್: 2,500
ಪಾರ್ಕ್ ಒಳಗಿನ ಊಟ, ತಿಂಡಿ, ನೀರು: 2,000
ಉಳಿದ ಹೊತ್ತಿನ ಊಟ: 2,000
ನೀರಿನ ಬಟ್ಟೆ, ಲಾಕರ್: 800

ಒಟ್ಟು 21,300. ಇದರಲ್ಲಿ ಟಿಕೆಟ್ ಎಷ್ಟು? ಕಾಲು ಭಾಗ. ಉಳಿದ ಮುಕ್ಕಾಲು ಭಾಗವನ್ನು ಯಾರೂ ಮೊದಲೇ ಕೂಡಿಸಿ ನೋಡುವುದಿಲ್ಲ, ಅದಕ್ಕೇ ಹೊಡೆತ ಬೀಳುವುದು. ಇದರ ಮೇಲೆ 2,500 ಬೇರೆ ಇಡಿ. ಮಗುವಿಗೆ ಜ್ವರ ಬಂದರೆ, ಗಾಡಿ ತಪ್ಪಿದರೆ, ರಾತ್ರಿ ಹನ್ನೊಂದಕ್ಕೆ ಕ್ಯಾಬ್ ಬೇಕಾದರೆ ಅದು ಕೆಲಸಕ್ಕೆ ಬರುತ್ತದೆ. ಆಟಿಕೆ ಅಂಗಡಿಗೆ ಆ ದುಡ್ಡು ಹೋಗಬಾರದು. ಆಟಿಕೆಗೆ ಬೇರೆಯೇ ಒಂದು ಮೊತ್ತ ಮಾಡಿ, ತಲಾ ಇಷ್ಟು ಅಂತ ಮನೆಯಲ್ಲೇ ಮಕ್ಕಳಿಗೆ ಹೇಳಿ. ಏಳು ವರ್ಷದ ಮಗುವಿಗೆ ಇದು ಚೆನ್ನಾಗಿ ತಿಳಿಯುತ್ತದೆ, ಅಂಗಡಿ ಮುಂದೆ ಅದೇ ಲೆಕ್ಕ ಹಾಕುತ್ತದೆ.

ಸಾಲದ ಕಾರ್ಡಿನ ಮೇಲೆ ಈ ಪ್ರವಾಸ ಮಾಡಬೇಡಿ. ಆರು ತಿಂಗಳು ಮುಂಚೆ ನಿರ್ಧರಿಸಿ ತಿಂಗಳಿಗೆ 4,000 ತೆಗೆದಿಟ್ಟರೆ ಮೇಲಿನ ಲೆಕ್ಕ ಹೆಚ್ಚು ಕಡಿಮೆ ಕೂಡಿ ಬರುತ್ತದೆ.

ಎಲ್ಲಿ ಉಳಿಸಬಹುದು? ವಾರದ ದಿನ ಹೋಗಿ. ಕ್ಯಾಬ್ ಬದಲು ಮೆಟ್ರೊ ಮತ್ತು ಬಸ್ಸು ಹಿಡಿಯಿರಿ. ಹೋಗುವ ದಾರಿಯ ಊಟ ಮನೆಯಿಂದಲೇ ಆಗಲಿ, ಚಪಾತಿ, ಶೇಂಗಾ ಚಟ್ನಿ, ಮೊಸರು, ಒಗ್ಗರಣೆ ಚುರುಮರಿ. ಇನ್ನು ಫಾಸ್ಟ್‌ಟ್ರ್ಯಾಕ್ ಟಿಕೆಟ್ ಅಂತ ದುಬಾರಿ ದರದಲ್ಲಿ ಮಾರುತ್ತಾರಲ್ಲ, ಸಾಲು ತಪ್ಪಿಸುವುದು, ಅದು ಚಿಕ್ಕ ಮಕ್ಕಳ ಮನೆಗೆ ಬೇಡ. ಉದ್ದ ಸಾಲು ಇರುವುದೇ ಜೋರು ರೈಡ್‌ಗಳಿಗೆ, ನಿಮ್ಮ ಮಕ್ಕಳನ್ನು ಅಲ್ಲಿ ಬಿಡುವುದೇ ಇಲ್ಲ.

ಬ್ಯಾಗಿನಲ್ಲಿ ಏನಿರಬೇಕು

ನೀರಿನ ರೈಡ್‌ಗೆ ಹತ್ತಿ ಬಟ್ಟೆ ನಡೆಯುವುದಿಲ್ಲ, ನೈಲಾನ್ ಅಥವಾ ಪಾಲಿಯೆಸ್ಟರ್ ಈಜುಡುಗೆ ಬೇಕು. ದೊಡ್ಡವರಿಗೂ ಇದೇ ನಿಯಮ, ಸೀರೆ, ಚೂಡಿದಾರ, ಜೀನ್ಸ್ ಹಾಕಿ ನೀರಿಗೆ ಇಳಿಯಲು ಆಗುವುದಿಲ್ಲ. ಅಲ್ಲಿ ಹೋಗಿ ಕೊಳ್ಳುವ ಬದಲು ದುರ್ಗದ ಬೈಲ್‌ನಲ್ಲೋ ಧಾರವಾಡದ ಸುಭಾಷ್ ರಸ್ತೆಯಲ್ಲೋ ಮೊದಲೇ ಕೊಂಡರೆ ಚೌಕಾಸಿ ಮಾಡಬಹುದು. ಅವ್ವಂದಿರಿಗೆ ಮೊಣಕಾಲು ಕೆಳಗಿನವರೆಗೆ, ತೋಳು ಮುಚ್ಚುವ ಉಡುಗೆಯೂ ಸಿಗುತ್ತದೆ, ಮುಜುಗರ ಪಡಬೇಕಿಲ್ಲ. ಡೈಪರ್ ಹಾಕುವ ಮಗುವಿಗೆ ಈಜಿನ ಡೈಪರ್ ಬೇರೆ ಬರುತ್ತದೆ, ಮಾಮೂಲಿಯದು ನೀರು ಕುಡಿದು ಕಲ್ಲಿನಂತಾಗುತ್ತದೆ.

ಒಬ್ಬೊಬ್ಬ ಮಗುವಿಗೆ ಎರಡು ಜೊತೆ ಒಣ ಬಟ್ಟೆ, ಟವೆಲ್, ಟೋಪಿ, ಬೆರಳು ಮುಚ್ಚದ ರಬ್ಬರ್ ಚಪ್ಪಲಿ, ಒದ್ದೆ ಬಟ್ಟೆಗೆ ಪ್ಲಾಸ್ಟಿಕ್ ಚೀಲ, ಓಆರ್‌ಎಸ್, ಜ್ವರದ ಔಷಧಿ, ಬ್ಯಾಂಡೇಜ್. ಬಂಗಾರದ ಸರ, ಕಿವಿಯೋಲೆ, ಕಾಲ್ಗೆಜ್ಜೆ ಮನೆಯಲ್ಲೇ ಬಿಚ್ಚಿಡಿ. ಹೊರಗಿನ ಊಟ ಒಳಗೆ ಬಿಡುವುದಿಲ್ಲ, ಕೂಸಿನ ಆಹಾರಕ್ಕೆ ಏನು ನಿಯಮ ಅಂತ ಹಿಂದಿನ ದಿನ ಫೋನ್ ಮಾಡಿ ಕೇಳಿ.

ಪಾರ್ಕಿನ ದಿನ

ಪಾರ್ಕ್ ಸಾಮಾನ್ಯವಾಗಿ ಬೆಳಗ್ಗೆ 11ಕ್ಕೆ ತೆರೆಯುತ್ತದೆ. ಹತ್ತೂವರೆಗೆ ಗೇಟಿನಲ್ಲಿರಿ, ಮಕ್ಕಳ ಹೊಟ್ಟೆ ತುಂಬಿರಲಿ. ಒಳಗೆ ಹೋದ ಕೂಡಲೇ ಎಲ್ಲರೂ ದೊಡ್ಡ ರೈಡ್ ಕಡೆ ಓಡುತ್ತಾರೆ, ನೀವು ಮಕ್ಕಳ ವಿಭಾಗಕ್ಕೆ ಹೋಗಿ, ಮೊದಲ ಒಂದು ಗಂಟೆ ಖಾಲಿ ಇರುತ್ತದೆ. ಒಂದೇ ರೈಡ್ ನಾಲ್ಕು ಸಲ ಬೇಕು ಅಂದ್ರೆ ನಾಲ್ಕು ಸಲ ಹತ್ತಿಸಿ. ಎಲ್ಲವನ್ನೂ ನೋಡಬೇಕು ಅಂತ ಎಳೆದುಕೊಂಡು ಹೋಗಬೇಡಿ. ಹೆದರಿದ ಮಗುವನ್ನು ಒತ್ತಾಯಿಸಿ ಕೂರಿಸಬೇಡಿ, ಪಕ್ಕದವರ ಮಗು ಕೂತಿದೆ ಅಂತ ಹೋಲಿಸಲೂಬೇಡಿ.

ಹನ್ನೆರಡೂವರೆಗೆ ಊಟ ಮುಗಿಸಿ. ಒಂದೂವರೆಗೆ ಹೋದರೆ ಅಲ್ಲೇ ಮುಕ್ಕಾಲು ಗಂಟೆ ಸಾಲು. ಊಟ ಆದ ಮೇಲೆ ನೆರಳಲ್ಲಿ ಕೂತು ಚಿಕ್ಕದನ್ನು ಮಲಗಿಸಿ. ಈ ಹೊತ್ತಿನಲ್ಲಿ ಅಪ್ಪ-ಅವ್ವ ಒಬ್ಬೊಬ್ಬರಾಗಿ ಹೋಗಿ ದೊಡ್ಡವರ ರೈಡ್ ಮಾಡಿ ಬರಬಹುದು. ನಿಮಗೂ ಟಿಕೆಟ್ ಕೊಟ್ಟಿದ್ದೀರಿ, ನಿಮಗೂ ಖುಷಿ ಬೇಕಲ್ವಾ. ಅಜ್ಜಿಯೋ ಚಿಕ್ಕಮ್ಮನೋ ಜೊತೆಗಿದ್ದರೆ ಇಬ್ಬರೂ ಒಟ್ಟಿಗೆ ಹೋಗಬಹುದು.

ಆಮೇಲೆ ನೀರು. ಇಲ್ಲಿ ನನ್ನ ಮಾತು ಗಟ್ಟಿಯಾಗಿ ಕೇಳಿ. ಮೊಣಕಾಲುದ್ದ ನೀರಿದ್ದರೂ ಮಗು ನಿಮ್ಮ ಕೈಗೆ ಸಿಗುವಷ್ಟು ಹತ್ತಿರವೇ ಇರಬೇಕು. ಲೈಫ್‌ಗಾರ್ಡ್ ಇದ್ದಾರೆ ಅಂತ ಫೋಟೊ ತೆಗೆಯುತ್ತ ನಿಲ್ಲಬೇಡಿ. ಮುಳುಗುವ ಮಗು ಕೂಗುವುದಿಲ್ಲ, ಸದ್ದಿಲ್ಲದೆ ಕೆಳಗೆ ಹೋಗುತ್ತದೆ. ಅಲೆಗಳ ಕೊಳದಲ್ಲಿ ಸೈರನ್ ಆದ ಮೇಲೆ ಅಲೆ ಜೋರಾಗುತ್ತದೆ, ಚಿಕ್ಕವರನ್ನು ಅಂಚಿನಲ್ಲೇ ಕೂರಿಸಿ. ಇಬ್ಬರು ಮಕ್ಕಳಿದ್ದರೆ ಯಾರು ಯಾರನ್ನು ನೋಡಿಕೊಳ್ಳಬೇಕು ಅಂತ ಹೆಸರು ಹೇಳಿ ಹಂಚಿಕೊಳ್ಳಿ. ಇಬ್ಬರೂ ನೋಡುತ್ತಿದ್ದೇವೆ ಅಂದುಕೊಂಡಾಗಲೇ ಯಾರೂ ನೋಡದೆ ಹೋಗುವುದು. ಅರ್ಧ ಗಂಟೆಗೊಮ್ಮೆ ಹೊರಗೆ ಕರೆದು ನೀರು ಕುಡಿಸಿ, ತುಟಿ ನೀಲಿಯಾದರೆ ಆಟ ಅಲ್ಲಿಗೇ ಮುಗಿಸಿ ಒಣ ಬಟ್ಟೆ ಹಾಕಿ.

ತಪ್ಪಿಸಿಕೊಂಡರೆ ಏನು ಅಂತ ಬೆಳಗ್ಗೆಯೇ ತಯಾರಿ ಇರಲಿ. ಹೋಟೆಲ್ ಬಿಡುವ ಮುಂಚೆ ಆ ದಿನದ ಬಟ್ಟೆಯಲ್ಲಿ ಮಗುವಿನ ಫೋಟೊ ತೆಗೆಯಿರಿ, ನೀರಿನ ಉಡುಗೆಗೆ ಬದಲಿಸಿದ ಮೇಲೆ ಇನ್ನೊಂದು. ನಿಮ್ಮ ಫೋನ್ ನಂಬರನ್ನು ಮಗುವಿನ ತೋಳಿನ ಮೇಲೆ ಅಳಿಸದ ಪೆನ್ನಿನಿಂದ ಬರೆಯಿರಿ. ಸಮವಸ್ತ್ರ ಹಾಕಿದ ಸಿಬ್ಬಂದಿಯನ್ನು ತೋರಿಸಿ, ಅವ್ವ ಕಾಣದಿದ್ದರೆ ಈ ಬಟ್ಟೆಯವರ ಹತ್ತಿರ ಹೋಗು, ಗೇಟಿನ ಕಡೆ ಹೋಗಬೇಡ ಅಂತ ಹೇಳಿಕೊಡಿ.

ನಾಲ್ಕೂವರೆ, ಐದಕ್ಕೆ ಹೊರಡಿ. ಪಾರ್ಕ್ ಮುಚ್ಚುವವರೆಗೆ ನಿಂತರೆ ಬಟ್ಟೆ ಬದಲಿಸುವ ಕೋಣೆಯಲ್ಲಿ ನೂಕುನುಗ್ಗಲು, ಹೊರಗೆ ಕ್ಯಾಬಿಗೆ ಎರಡು ಪಟ್ಟು ದರ. ಕೋಣೆಗೆ ಬಂದು ಬಿಸಿನೀರು ಸ್ನಾನ, ಅನ್ನ-ಮೊಸರು, ಮಲಗಿಸುವುದು. ಕಿವಿ ನೋವು ಅಂತ ಮಗು ಹೇಳುತ್ತದಾ ಮರುದಿನ ಗಮನಿಸಿ, ನೀರಿನ ಆಟದ ನಂತರ ಇದು ಸಾಮಾನ್ಯ, ಹಾಗೇ ಬಿಡದೆ ವೈದ್ಯರಿಗೆ ತೋರಿಸಿ. ವಾಪಸ್ ಬಂದ ದಿನವೇ ಶಾಲೆ ಇಟ್ಟುಕೊಳ್ಳಬೇಡಿ, ನಡುವೆ ಒಂದು ದಿನ ಬಿಡುವು ಬರುವ ಹಾಗೆ ರೈಲು ಟಿಕೆಟ್ ತೆಗೆಯಿರಿ.